ಗುದ್ದಿದ್ದು ಯಾವುದೆಂದು ಬರೆಯಿರಿ!

ತಾಲ್ಲೂಕು ಆಸ್ಪತ್ರೆಗಳ ತುರ್ತು ಚಿಕಿತ್ಸೆಯ ಕೋಣೆಯಲ್ಲಿ ಒಂದು ದಪ್ಪ ರಿಜಿಸ್ಟರು ಇರುತ್ತದೆ. ರಸ್ತೆಯಲ್ಲಿ ಪೆಟ್ಟು ತಿಂದು ಬಂದವನ ಹೆಸರು, ವಯಸ್ಸು, ಊರು ಬರೆದು ಅದರ ಮುಂದೆ ಮೂರು ಇಂಗ್ಲಿಷ್ ಅಕ್ಷರ ಗೀಚಿ ಕೈತೊಳೆದುಕೊಳ್ಳುತ್ತಾರೆ: ಆರ್.ಟಿ.ಎ. ರೋಡ್ ಟ್ರಾಫಿಕ್ ಆಕ್ಸಿಡೆಂಟ್ ಎಂಬುದರ ಮೊಟಕು. ತನ್ನ ಕಾರನ್ನು ಇನ್ನೊಂದು ಕಾರಿಗೆ ಗುದ್ದಿಸಿಕೊಂಡ ಧಣಿಯೂ ಆರ್.ಟಿ.ಎ. ರಾತ್ರಿ ಪಾಳಿ ಮುಗಿಸಿ ಸೈಕಲ್ ತುಳಿಯುತ್ತ ಮನೆಗೆ ಹೊರಟು ಲಾರಿಯ ಪೆಟ್ಟಿಗೆ ಸಿಕ್ಕ ಗಿರಣಿಯ ಆಳೂ ಆರ್.ಟಿ.ಎ. ಈ ದೇಶದಲ್ಲಿ ಸಮಾನತೆ ಎಲ್ಲಿಯಾದರೂ ನೆಲೆಗೊಂಡಿದ್ದರೆ ಆ ರಿಜಿಸ್ಟರಿನ ಪುಟದಲ್ಲಿಯೇ!

“ಕಾಲಿಗೆ ಪಟ್ಟಿ ಹಾಕಿದರಲ್ಲ, ಪುಸ್ತಕದಲ್ಲಿ ಏನು ಬರೆದರೇನು?” ಎಂದು ನಮ್ಮ ಬಾಂಧವರಲ್ಲಿಯೇ ಅನೇಕರು ಕೇಳುತ್ತಾರೆ. ಅವರನ್ನು ನಾವು ಕೇಳುತ್ತೇವೆ: ಹಾಜರಿ ಪುಸ್ತಕದಲ್ಲಿ ನಿಮ್ಮ ಎರಡು ದಿನವನ್ನು ಬಿಟ್ಟು ಬರೆದರೆ ಸುಮ್ಮನಿರುವಿರಾ? ಮಂಡಿಯವನು ತೂಕದಲ್ಲಿ ಹೊಡೆದರೆ ಸುಮ್ಮನಿರುವಿರಾ? ಇದೂ ಅಂಥದೇ ಲೆಕ್ಕ. ಇಲ್ಲಿ ಬಿಟ್ಟುಹೋಗುತ್ತಿರುವುದು ನಡೆದು ಹೋಗುವವನ ಮತ್ತು ಸೈಕಲ್ ತುಳಿಯುವವನ ಲೆಕ್ಕ.

ಹೀಗೆ ಬರೆಯಬೇಕೆಂದು ಯಾವ ಶಾಸ್ತ್ರವೂ ಹೇಳಿಲ್ಲ. ರೋಗಗಳಿಗೂ ಗಾಯಗಳಿಗೂ ಒಂದೊಂದು ಗುರುತಿನ ಸಂಖ್ಯೆ ಕೊಡುವ ಪುಸ್ತಕ ಜಗತ್ತಿಗೆಲ್ಲ ಒಂದೇ ಉಂಟು. ವಿಶ್ವ ಆರೋಗ್ಯ ಸಂಸ್ಥೆಯದು. ಅದರ ಹತ್ತನೆಯ ಪರಿಷ್ಕರಣಕ್ಕೆ 1990ರಲ್ಲಿ ಸದಸ್ಯ ದೇಶಗಳು ಒಪ್ಪಿಗೆ ಕೊಟ್ಟವು. ಹನ್ನೊಂದನೆಯದು 2022ರ ಜನವರಿ 1ರಂದು ಜಾರಿಗೆ ಬಂದಿದ್ದರೂ ನಮ್ಮ ಆಸ್ಪತ್ರೆ ಮತ್ತು ವಿಮೆಯ ಕಾಗದಗಳಲ್ಲಿ ಹೆಚ್ಚಾಗಿ ನಡೆಯುತ್ತಿರುವುದು ಹತ್ತನೆಯದೇ. ಅದರಲ್ಲಿ ಗಾಯಕ್ಕೆ ಎರಡು ಸಂಖ್ಯೆ. ಒಂದು, ಮುರಿದದ್ದು ಏನು ಎಂಬುದಕ್ಕೆ. ತೊಡೆಯ ಮೂಳೆಯಾದರೆ ಎಸ್ 72, ಮೊಣಕಾಲಿನ ಕೆಳಗಾದರೆ ಎಸ್ 82. ಇನ್ನೊಂದು, ಮುರಿದದ್ದು ಹೇಗೆ ಎಂಬುದಕ್ಕೆ. ಅದು ವಿ ಅಕ್ಷರದಿಂದ ಶುರುವಾಗುತ್ತದೆ. ವಿ 01ರಿಂದ 09ರವರೆಗೆ ಪಾದಚಾರಿಗೆ ಮೀಸಲು. ಸೈಕಲ್ ಗುದ್ದಿದರೆ 01, ಬೈಕೋ ಆಟೋವೋ ಆದರೆ 02, ಕಾರಾದರೆ 03, ಲಾರಿ ಅಥವಾ ಬಸ್ಸಾದರೆ 04, ರೈಲಾದರೆ 05, ಎತ್ತಿನ ಗಾಡಿಯಂಥದಾದರೆ 06. ವಿ 10ರಿಂದ 19ರವರೆಗೆ ಸೈಕಲ್ ಸವಾರನಿಗೆ. ಲಾರಿ ಗುದ್ದಿದರೆ 14, ನಿಂತ ಕಂಬಕ್ಕೋ ಮೋರಿಯ ಕಟ್ಟೆಗೋ ಬಡಿದುಕೊಂಡರೆ 17, ಯಾವುದೂ ಗುದ್ದದೆ ಬಿದ್ದರೆ 18. ರಸ್ತೆಯ ಗುಂಡಿಗೆ ಚಕ್ರ ಇಳಿದು ಹಲ್ಲು ಮುರಿದುಕೊಂಡವನಿಗೂ ಆ ಪುಸ್ತಕದಲ್ಲಿ ಜಾಗವಿದೆ.

ತಳ್ಳುಗಾಡಿಯ ವ್ಯಾಪಾರಿಗಳು ಇಷ್ಟನ್ನು ಗಮನಿಸಬೇಕು. ಪಾದಚಾರಿ ಯಾರು ಎಂಬ ವಿವರಣೆಯಲ್ಲಿ ಕೈಗಾಡಿ ತಳ್ಳುವವನನ್ನೂ ಹೆಸರಿಸಿ ಸೇರಿಸಿದ್ದಾರೆ. ಗಿರಣಿಯವರಿಗೆ ಇನ್ನೂ ಒಂದು ಮಾತಿದೆ. ಪೆಟ್ಟಾದಾಗ ಮನುಷ್ಯ ಏನು ಮಾಡುತ್ತಿದ್ದ ಎಂದು ಹೇಳುವ ಒಂದು ಅಂಕಿಯನ್ನು ಕೊನೆಗೆ ಸೇರಿಸಲು ಅವಕಾಶವುಂಟು. ಸಂಪಾದನೆಯ ಕೆಲಸದಲ್ಲಿದ್ದರೆ ಅಂಕಿ 2. ಕೆಲಸಕ್ಕೆ ಹೋಗಿ ಬರುವ ದಾರಿಯ ಹೊತ್ತೂ ಆ 2ರೊಳಗೇ ಸೇರಿದೆ! ಈ ಪುಸ್ತಕ ಬರೆದವರು ನಮ್ಮ ಪಕ್ಷದವರಲ್ಲ, ಸರ್ಕಾರಗಳೇ ಕೂಡಿ ಒಪ್ಪಿದ್ದು.

ಇನ್ನು ಆರ್.ಟಿ.ಎ. ಎಂದಷ್ಟೇ ಬರೆದರೆ ಆ ಪುಸ್ತಕ ಏನು ಮಾಡುತ್ತದೆ? ಅದಕ್ಕೂ ಒಂದು ಸಂಖ್ಯೆ ಇಟ್ಟಿದೆ: ವಿ 89.2. ಯಾವುದೋ ಮೋಟಾರು ವಾಹನ, ಯಾರೋ ಮನುಷ್ಯ, ವಿವರವಿಲ್ಲ. ಅದು ಕಸದ ಬುಟ್ಟಿಯ ಸಂಖ್ಯೆ. ನಡೆಯುವವನೂ ತುಳಿಯುವವನೂ ಆ ಬುಟ್ಟಿಯಲ್ಲಿ ಬಿದ್ದು ಮಾಯವಾಗುತ್ತಾರೆ. ಬುಟ್ಟಿಯಿಂದ ಹೊರಗಿಡಲು ಬೇಕಾದದ್ದು ಎಷ್ಟು? ಒಂದೇ ಮಾತು. “ಲಾರಿ ಗುದ್ದಿದೆ” ಎಂದೋ “ಬಸ್ಸು ಹರಿದಿದೆ” ಎಂದೋ ಇದ್ದು, ಗಾಯಾಳು ವಾಹನದೊಳಗಿದ್ದ ಎಂದು ಎಲ್ಲಿಯೂ ಹೇಳಿಲ್ಲವಾದರೆ, ಅವನನ್ನು ಪಾದಚಾರಿ ಎಂದೇ ಎಣಿಸಬೇಕೆಂದು ಪುಸ್ತಕದ ನಿಯಮವೇ ಇದೆ. ಆ ಒಂದು ಮಾತಿಗೂ ನಮ್ಮವರ ಪಾಲಿಗೆ ಶಾಯಿಯ ಬರ!

ಶಾಯಿ ಎಲ್ಲಿಗೆ ಹೋಗುತ್ತಿದೆಯೆಂದು ಬೇಕಾದರೆ ಬೆಂಗಳೂರಿಗೆ ಹೋಗಿ ನೋಡಿ. ನಮ್ಮ ಕಡೆಯ ಓದಿದ ಮಕ್ಕಳು ಅಲ್ಲಿ ಮೆಡಿಕಲ್ ಕೋಡಿಂಗ್ ಎಂಬ ಕೆಲಸಕ್ಕೆ ಸೇರುತ್ತಾರೆ. ಅಮೆರಿಕದ ಯಾವುದೋ ಪಟ್ಟಣದಲ್ಲಿ ಸೈಕಲ್ ಸವಾರನಿಗೆ ಕಾರು ತಾಗಿದರೆ ಆಸ್ಪತ್ರೆಯ ಕಾಗದ ಇಲ್ಲಿಗೆ ಬರುತ್ತದೆ. ನಮ್ಮ ಹುಡುಗಿ ಕಂಪ್ಯೂಟರಿನ ಮುಂದೆ ಕುಳಿತು ‘ವಿ 13.4 ಎಕ್ಸ್ ಎಕ್ಸ್ ಎ’ ಎಂದು ಹಾಕುತ್ತಾಳೆ. ಸೈಕಲ್ ತುಳಿಯುತ್ತಿದ್ದವನು, ಗುದ್ದಿದ್ದು ಕಾರು, ಆದದ್ದು ಸಾರ್ವಜನಿಕ ರಸ್ತೆಯಲ್ಲಿ, ಚಿಕಿತ್ಸೆ ಇನ್ನೂ ಮೊದಲ ಹಂತದ್ದು. ಏಳು ಅಕ್ಷರದಲ್ಲಿ ಇಷ್ಟೂ ಬಂತು. ಅಮೆರಿಕದವರು ಇದನ್ನು ಧರ್ಮಕ್ಕೆ ಮಾಡಿಸುತ್ತಿಲ್ಲ, ಅಲ್ಲಿ ವಿಮೆಯ ದುಡ್ಡು ಕೈಸೇರುವುದೇ ಕೋಡಿನ ದಾರಿಯಲ್ಲಿ. ಅದಿರಲಿ. ಆ ಹುಡುಗಿಯ ಅಪ್ಪ ಊರಿನಲ್ಲಿ ಸೈಕಲ್ ಮೇಲೆ ಹೋಗುವಾಗ ಕಾರು ಗುದ್ದಿದರೆ ಅವನಿಗೆ ಮಾತ್ರ ಮೂರೇ ಅಕ್ಷರ. ವಿದ್ಯೆ ನಮ್ಮದು, ಕೈ ನಮ್ಮದು, ಲೆಕ್ಕ ಇನ್ನೊಬ್ಬರದು.

ನಮ್ಮ ವಿಮೆಯವರ ಜಾಣತನವನ್ನೂ ನೋಡಿ. ಆಸ್ಪತ್ರೆಗಳು ತುಂಬಬೇಕಾದ ನಮೂನೆಯಲ್ಲಿ ಗಾಯದ ಕಾರಣ ಕೇಳುವ ಜಾಗವಿದೆ. ತಾನೇ ಮಾಡಿಕೊಂಡದ್ದೇ? ರಸ್ತೆ ಅಪಘಾತವೇ? ಕುಡಿತ ಅಥವಾ ಮಾದಕ ಪದಾರ್ಥದಿಂದಲೇ? ಕುಡಿತವಾದರೆ ಪರೀಕ್ಷೆ ಮಾಡಿಸಿದ್ದೀರಾ ಎಂದು ಮತ್ತೊಂದು ಪ್ರಶ್ನೆ. ಕುಡಿದಿದ್ದನೇ ಎಂದು ಕೇಳಲು ಜಾಗವಿದೆ, ನಡೆಯುತ್ತಿದ್ದನೇ ಎಂದು ಕೇಳಲು ಜಾಗವಿಲ್ಲ!

ಈಗ ದುಡ್ಡಿನ ಮಾತಿಗೆ ಬರೋಣ. ಗುದ್ದಿ ಓಡಿಹೋದ ವಾಹನ ಸಿಗದಿದ್ದರೆ, 2022ರ ಏಪ್ರಿಲ್ 1ರಿಂದ ಸಾವಿಗೆ 2 ಲಕ್ಷ, ತೀವ್ರ ಗಾಯಕ್ಕೆ 50,000 ರೂಪಾಯಿ ಎಂದು ಸರ್ಕಾರ ಹೇಳಿದೆ. 2025ರ ಮೇ ತಿಂಗಳಲ್ಲಿ ಕೇಂದ್ರ ಸರ್ಕಾರ ಇನ್ನೊಂದು ಯೋಜನೆ ಹೊರಡಿಸಿತು. ಅಪಘಾತವಾದ ದಿನದಿಂದ 7 ದಿನದವರೆಗೆ ಒಂದೂವರೆ ಲಕ್ಷ ರೂಪಾಯಿಯಷ್ಟು ಚಿಕಿತ್ಸೆಗೆ ರೋಗಿ ಕೈಯಿಂದ ಹಣ ಕಟ್ಟಬೇಕಾಗಿಲ್ಲ. ಒಳ್ಳೆಯದೇ. ಆದರೆ ಎರಡಕ್ಕೂ ಮೋಟಾರು ವಾಹನದಿಂದಲೇ ಆದ ಅಪಘಾತವಾಗಿರಬೇಕು. ಸೈಕಲ್ಲಿನವನು ಪ್ರಜ್ಞೆ ತಪ್ಪಿ ಬಂದಿದ್ದಾನೆ, ಜೊತೆಯಲ್ಲಿ ಬಂದವನಿಗೆ ಏನೂ ಗೊತ್ತಿಲ್ಲ, ಬರೆಯುವವರು “ಸೆಲ್ಫ್ ಫಾಲ್” ಎಂದು ಬರೆದುಬಿಡುತ್ತಾರೆ. ತಾನೇ ಬಿದ್ದನೆಂದು ಅರ್ಥ. ಅಲ್ಲಿಗೆ ಗುದ್ದಿದ ಟೆಂಪೋ ಗಾಳಿಯಲ್ಲಿ ಕರಗಿತು. ಮುಂದೆ ಪರಿಹಾರದ ಕೋರ್ಟಿನಲ್ಲಿ ವಿಮೆಯ ವಕೀಲರು ಹಿಡಿದು ತೋರಿಸುವುದು ಆ ಎರಡು ಮಾತನ್ನೇ. ಒಬ್ಬ ಬಾಳೆಹಣ್ಣಿನ ವ್ಯಾಪಾರಿಯ ಕಾಗದಪತ್ರ ಹಿಡಿದು ನಾವೂ ಅಲೆದಿದ್ದೇವೆ. ಗಾಯದ ಸರ್ಟಿಫಿಕೇಟಿನಲ್ಲಿ ಮೂಳೆಯ ಹೆಸರು ಲ್ಯಾಟಿನ್ ಭಾಷೆಯಲ್ಲಿ ಅಚ್ಚುಕಟ್ಟಾಗಿತ್ತು, ತಳ್ಳುಗಾಡಿಯ ಮಾತೇ ಇರಲಿಲ್ಲ.

ಕಾರ್ಮಿಕನಿಗೆ ಇನ್ನೊಂದು ನಷ್ಟವುಂಟು. ಗೇಟಿನೊಳಗೆ ಪೆಟ್ಟಾದರೆ ಕಂಪನಿ, ಗೇಟಿನ ಹೊರಗಾದರೆ ಹಣೆಬರಹ ಎಂಬುದು ಧಣಿಗಳ ಹಳೆಯ ವೇದಾಂತ. 2010ರಲ್ಲಿ ಇ.ಎಸ್.ಐ. ಕಾನೂನಿಗೆ 51-ಇ ಎಂಬ ಕಲಮು ಸೇರಿ ಆ ವೇದಾಂತಕ್ಕೆ ಪೆಟ್ಟು ಬಿತ್ತು. ಮನೆಯಿಂದ ಕೆಲಸಕ್ಕೆ, ಕೆಲಸದಿಂದ ಮನೆಗೆ ಹೋಗುವ ದಾರಿಯ ಅಪಘಾತವೂ, ಹೊತ್ತು ಮತ್ತು ಜಾಗ ಕೆಲಸಕ್ಕೆ ಹೊಂದಿಕೆಯಾಗಿದ್ದರೆ, ಕೆಲಸದಲ್ಲಾದ ಗಾಯವೆಂದೇ ಲೆಕ್ಕ. 2025ರ ನವೆಂಬರಿನಲ್ಲಿ ಜಾರಿಗೆ ಬಂದ ಸಾಮಾಜಿಕ ಭದ್ರತಾ ಸಂಹಿತೆಯಲ್ಲಿಯೂ ಆ ಮಾತು ಇದೆ. ಆ ಸಂಹಿತೆಗಳ ಬಗ್ಗೆ ನಮಗಿರುವ ಜಗಳ ಬೇರೆ. ಕಾನೂನು ಕೊಟ್ಟದ್ದನ್ನು ರಿಜಿಸ್ಟರು ಕಸಿಯಬಾರದು ಎಂಬುದಷ್ಟೇ ಈ ಹೊತ್ತಿನ ಮಾತು. ಯಾವ ಹೊತ್ತಿನಲ್ಲಿ, ಎಲ್ಲಿಗೆ ಹೊರಟಿದ್ದಾಗ ಎಂದು ಮೊದಲ ದಿನವೇ ಬರೆಯದಿದ್ದರೆ ಮೂರು ತಿಂಗಳ ಮೇಲೆ ಸಾಕ್ಷಿ ಹೇಳುವವರು ಯಾರು?

“ಪೊಲೀಸರು ಎಣಿಸುತ್ತಾರಲ್ಲ” ಎನ್ನುವವರಿದ್ದಾರೆ. ಎಣಿಸುತ್ತಾರೆ. ಪೊಲೀಸ್ ಲೆಕ್ಕದ ಮೇಲೆ ಕೇಂದ್ರದ ರಸ್ತೆ ಸಾರಿಗೆ ಇಲಾಖೆ ಹೊರತಂದ ವರದಿಯಂತೆ 2022ರಲ್ಲಿ ದೇಶದ ರಸ್ತೆಗಳಲ್ಲಿ ಸತ್ತವರು 1,68,491. ಅವರಲ್ಲಿ ಪಾದಚಾರಿಗಳು 32,825. ದಿನಕ್ಕೆ ಸುಮಾರು 90 ಮಂದಿ. ಆದರೆ 2021ರ ಸಾವುಗಳನ್ನು ಸರ್ಕಾರ 1,53,972 ಎಂದರೆ, ವಿಶ್ವ ಆರೋಗ್ಯ ಸಂಸ್ಥೆಯ ಅಂದಾಜು 2 ಲಕ್ಷವನ್ನು ದಾಟಿತು. ನಡುವೆ ಬಿಟ್ಟುಹೋದ ಹೆಣಗಳು ಯಾರವು? ಸಾಯದೆ ಕುಂಟರಾಗಿ ಉಳಿದವರ ಪಾಡಂತೂ ಕೇಳುವುದೇ ಬೇಡ. ಎರಡು ಸಾವಿರ ಕೈಗಿಟ್ಟು ರಾಜಿ ಮಾಡಿಸಿದ ಕೇಸು ಠಾಣೆಯ ಮೆಟ್ಟಿಲು ಹತ್ತುವುದಿಲ್ಲ. ಆಸ್ಪತ್ರೆಯ ಮೆಟ್ಟಿಲು ಮಾತ್ರ ಹತ್ತಲೇಬೇಕು. ಆದ್ದರಿಂದ ಆಸ್ಪತ್ರೆಯಲ್ಲಿಯೇ ಬರೆಯಬೇಕು. ಆಗದ ಕೆಲಸವಲ್ಲ. ಬೆಂಗಳೂರಿನ ನಿಮ್ಹಾನ್ಸ್‌ನವರು 2007ರಲ್ಲಿಯೇ ಪೊಲೀಸರನ್ನೂ ಆಸ್ಪತ್ರೆಗಳನ್ನೂ ಒಂದುಗೂಡಿಸಿ ಗಾಯಗಳ ಲೆಕ್ಕ ಹಿಡಿಯಲು ಶುರು ಮಾಡಿದ್ದರು.

ಬರೆಯುವ ಕೈ ಯಾರದೋ ಸತ್ತವರ ಸಂಖ್ಯೆಯೂ ಅವರದೇ ಎಂಬುದನ್ನು ವಿದುರಾಶ್ವತ್ಥದ ಜನಕ್ಕೆ ಯಾರೂ ಕಲಿಸಬೇಕಾಗಿಲ್ಲ. 1938ರ ಏಪ್ರಿಲ್ 25ರಂದು ಬಾವುಟ ಹಿಡಿದು ಸೇರಿದವರ ಮೇಲೆ ಗುಂಡು ಹಾರಿದಾಗ ಸರ್ಕಾರ ಒಪ್ಪಿದ ಸಾವು 10. ಜನ ಎಣಿಸಿದ್ದು 30ಕ್ಕೂ ಹೆಚ್ಚು. ಇಂದು ಅದೇ ವಿದುರಾಶ್ವತ್ಥದಿಂದ ಗೌರಿಬಿದನೂರಿಗೆ, ಹಿಂದೂಪುರಕ್ಕೆ ಹೋಗುವ ರಸ್ತೆಯ ಅಂಚಿನಲ್ಲಿ ನಡೆಯುವವರನ್ನೂ, ಶಿಡ್ಲಘಟ್ಟದಲ್ಲಿ ಗೂಡಿನ ಮೂಟೆ ಹೇರಿದ ಸೈಕಲ್ಲನ್ನೂ, ಚಿಂತಾಮಣಿಯ ಮಂಡಿಯ ಕೈಗಾಡಿಯನ್ನೂ ಯಾರು ಎಣಿಸುತ್ತಿದ್ದಾರೆ? ಯಾವ ತಿರುವಿನಲ್ಲಿ ಎಷ್ಟು ಮಂದಿ ಪಾದಚಾರಿಗಳು ಬಿದ್ದರೆಂಬ ಅಂಕಿ ಇಲ್ಲದಿದ್ದರೆ ಅಲ್ಲಿ ಕಾಲುದಾರಿ ಬೇಕೆಂದು ಎಂಜಿನಿಯರಿಗೆ ಹೇಳುವುದು ಹೇಗೆ? ರಸ್ತೆ ಅಗಲ ಮಾಡಲು ಮಾತ್ರ ಅವರಿಗೆ ಯಾವ ಅಂಕಿಯೂ ಬೇಕಾಗುವುದಿಲ್ಲ.

ವೈದ್ಯರನ್ನು, ನರ್ಸಮ್ಮಂದಿರನ್ನು ನಾವು ದೂರುತ್ತಿಲ್ಲ. ರಾತ್ರಿ ಒಬ್ಬ ಡಾಕ್ಟರು, ಒಬ್ಬ ನರ್ಸು, ಎದುರಿಗೆ ರಕ್ತ ಸುರಿಯುವ ನಾಲ್ವರು. ಆಗ ಅವರು ನೋಡಬೇಕಾದದ್ದು ಜೀವವನ್ನೇ ಹೊರತು ಕೋಡನ್ನಲ್ಲ. ಬರೆಯಲು ಗುಮಾಸ್ತನನ್ನು ಕೊಡದ ಸರ್ಕಾರವನ್ನು ನಾವು ಕೇಳುತ್ತಿದ್ದೇವೆ. ಪ್ರತಿ ತಾಲ್ಲೂಕು ಆಸ್ಪತ್ರೆಯ ರಿಜಿಸ್ಟರಿನಲ್ಲಿ ಕನ್ನಡದಲ್ಲಿ ಮೂರು ಮನೆ ಹೆಚ್ಚಿಗೆ ಹಾಕಿಸಿ: ನಡೆಯುತ್ತಿದ್ದನೇ ಸೈಕಲ್ಲಿನಲ್ಲಿದ್ದನೇ, ಗುದ್ದಿದ್ದು ಯಾವುದು, ಕೆಲಸದ ದಾರಿಯೇ. ಅದನ್ನು ವಿ ಸಂಖ್ಯೆಗೆ ಇಳಿಸಲು ಜಿಲ್ಲಾ ಆಸ್ಪತ್ರೆಯಲ್ಲಿ ತರಬೇತಾದವರನ್ನು ಇಡಿ. ತಿಂಗಳಿಗೊಮ್ಮೆ ತಾಲ್ಲೂಕುವಾರು ಅಂಕಿಗಳನ್ನು ಆಸ್ಪತ್ರೆಯ ಬಾಗಿಲಲ್ಲೇ ಅಂಟಿಸಿ.

ಅಷ್ಟರವರೆಗೆ, ಬಾಂಧವರೇ, ಪೆಟ್ಟು ತಿಂದವರನ್ನು ಹೊತ್ತೊಯ್ಯುವವರು ನೀವೇ. ಗುದ್ದಿದ್ದು ಯಾವುದೆಂದು ಬಾಯಿಬಿಟ್ಟು ಹೇಳಿ, ನಿಮ್ಮೆದುರಿಗೇ ಬರೆಸಿ, ಬರೆದದ್ದನ್ನು ಓದಿ ಹೇಳಲು ಕೇಳಿ. ಇಲ್ಲದ “ಸೆಲ್ಫ್ ಫಾಲ್” ಬರೆದಿದ್ದರೆ ಅಲ್ಲಿಯೇ, ಆಗಲೇ ತಿದ್ದಿಸಿ. ಆಮೇಲೆ ತಿದ್ದಿಸಬೇಕಾದರೆ ವಕೀಲರ ಫೀಜು ಕೊಡಬೇಕಾಗುತ್ತದೆ.