ಸುಲೋಚನೆಯ ಚಿತ್ರಗಳೆಲ್ಲಿ?

ಸುಲೋಚನೆ ಎಂದೊಡನೆ ನಮ್ಮ ವಾಚಕರ ಮನಸ್ಸು 1934ರಲ್ಲಿ ತೆರೆಕಂಡ ಕನ್ನಡದ ಮೊದಲನೆಯ ವಾಕ್ಚಿತ್ರ ‘ಸತಿ ಸುಲೋಚನ’ದ ಕಡೆಗೆ ಹರಿಯುವುದು ಸಹಜವೇ. ಆದರೆ ನಾವು ಬರೆಯಲು ಹೊರಟಿರುವುದು ಇಂದ್ರಜಿತುವಿನ ಪತ್ನಿಯನ್ನು ಕುರಿತಲ್ಲ. ಅದೇ ಹೆಸರನ್ನು ತಾಳಿ ಮೂಕಚಿತ್ರಗಳ ಕಾಲದಲ್ಲಿ ಮುಂಬಯಿಯಲ್ಲಿ ಮನೆಮಾತಾಗಿದ್ದ ರೂಬಿ ಮೈಯರ್ಸ್ ಎಂಬ ನಟಿಯನ್ನು ಕುರಿತು. ಆಕೆ 1907ರಲ್ಲಿ ಪುಣೆಯಲ್ಲಿ, ಬಾಗ್ದಾದಿ ಯೆಹೂದ್ಯರ ಕುಲದಲ್ಲಿ ಜನಿಸಿದರು. 1983ರಲ್ಲಿ ಮುಂಬಯಿಯಲ್ಲಿ ತೀರಿಕೊಂಡರು. ಆ ಬಾಳಿಗೆ ರಾಷ್ಟ್ರವು ಒಂದು ಪ್ರಶಸ್ತಿಯನ್ನು ಕೊಟ್ಟಿತು. ಬಾಳಿನ ಕೆಲಸವನ್ನು ಮಾತ್ರ ಉಳಿಸಿಕೊಳ್ಳಲಿಲ್ಲ.

ಕೋಹಿನೂರ್ ಫಿಲ್ಮ್ ಕಂಪೆನಿಯ ಮೋಹನ್ ಭವನಾನಿಯವರು ಕರೆದಾಗ ಆಕೆ ಟೆಲಿಫೋನ್ ಆಪರೇಟರ್ ಆಗಿದ್ದರು. ಮೊದಲು ಒಲ್ಲೆನೆಂದರು. ಇದರಲ್ಲಿ ಆಶ್ಚರ್ಯವೇನೂ ಇಲ್ಲ. 1913ರಲ್ಲಿ ದಾದಾಸಾಹೇಬ ಫಾಲ್ಕೆಯವರ ‘ರಾಜಾ ಹರಿಶ್ಚಂದ್ರ’ಕ್ಕೆ ರಾಣಿಯ ಪಾತ್ರಧಾರಿಣಿ ದೊರೆಯದೆ ಸಾಳುಂಕೆ ಎಂಬ ಗಂಡಸೇ ಸೀರೆಯುಡಬೇಕಾಗಿತ್ತು. ಹನ್ನೆರಡು ವರ್ಷಗಳ ಬಳಿಕವೂ ಮರ್ಯಾದಸ್ಥರ ಮನೆಯ ಹೆಣ್ಣುಮಕ್ಕಳು ಕ್ಯಾಮೆರಾದ ಮುಂದೆ ನಿಲ್ಲುವುದನ್ನು ಸಮಾಜವು ಒಪ್ಪಿರಲಿಲ್ಲ. ಆ ತೆರವಾದ ಸ್ಥಳಕ್ಕೆ ಯೆಹೂದ್ಯ ಮತ್ತು ಆಂಗ್ಲೋ-ಇಂಡಿಯನ್ ಸ್ತ್ರೀಯರು ಬಂದರು. ರೆನೀ ಸ್ಮಿತ್ ಸೀತಾದೇವಿಯಾದರು, ರೂಬಿ ಮೈಯರ್ಸ್ ಸುಲೋಚನೆಯಾದರು. ತನ್ನ ಹೆಣ್ಣುಮಕ್ಕಳ ಮಾನವನ್ನು ಅಷ್ಟು ಜಾಗರೂಕತೆಯಿಂದ ಕಾಯುತ್ತಿದ್ದ ಸಮಾಜವು ಇತರರ ಹೆಣ್ಣುಮಕ್ಕಳನ್ನು ನೋಡುವುದಕ್ಕೆ ಟಿಕೇಟು ಕೊಳ್ಳಲು ಮಾತ್ರ ಹಿಂದೆಗೆಯಲಿಲ್ಲ.

1925ರ ‘ವೀರ ಬಾಲಾ’ದಿಂದ ಮೊದಲಾದ ಆಕೆಯ ಕೀರ್ತಿಯು ಮೂರು ನಾಲ್ಕು ವರ್ಷಗಳಲ್ಲಿಯೇ ಶಿಖರಕ್ಕೇರಿತು. ‘ಟೈಪಿಸ್ಟ್ ಗರ್ಲ್’, ‘ಇಂದಿರಾ ಬಿ.ಎ.’ ಎಂಬ ಹೆಸರುಗಳನ್ನು ಗಮನಿಸಬೇಕು. ಕಚೇರಿಯಲ್ಲಿ ದುಡಿಯುವ, ಪದವಿ ಪಡೆದ ಹೆಣ್ಣು ಊರಿನ ಬೀದಿಗಳಲ್ಲಿ ವಿರಳವಾಗಿದ್ದ ಕಾಲದಲ್ಲಿ ಆಕೆಯನ್ನು ಪ್ರೇಕ್ಷಕರು ಬಿಳಿಯ ಪರದೆಯ ಮೇಲೆ ಕಂಡರು. 1927ರ ‘ವೈಲ್ಡ್‌ಕ್ಯಾಟ್ ಆಫ್ ಬಾಂಬೆ’ಯಲ್ಲಿ ಆಕೆಯೊಬ್ಬರೇ ಎಂಟು ವೇಷಗಳನ್ನು ಹಾಕಿದರು, ಪೋಲೀಸಿನವನೂ ಬಾಳೆಯಹಣ್ಣು ಮಾರುವವಳೂ ಅವುಗಳಲ್ಲಿದ್ದರು. ಮಹಾತ್ಮಾ ಗಾಂಧಿಯವರು ಖಾದಿ ಪ್ರದರ್ಶನವನ್ನು ಉದ್ಘಾಟಿಸಿದ ಒಂದು ಕಿರುಚಿತ್ರವನ್ನು ತೋರಿಸುವಾಗ ‘ಮಾಧುರಿ’ಯಲ್ಲಿನ ಈಕೆಯ ನೃತ್ಯವನ್ನೂ ಅದರೊಡನೆ ಜೋಡಿಸಿದ್ದರೆಂದು ಚಿತ್ರರಂಗದ ಇತಿಹಾಸವನ್ನು ಬರೆದವರು ಹೇಳುತ್ತಾರೆ.

ತಿಂಗಳಿಗೆ ಐದು ಸಾವಿರ ರೂಪಾಯಿ ಪಡೆಯುತ್ತಿದ್ದ ಈಕೆಯ ಸಂಬಳವು ಮುಂಬಯಿ ಗವರ್ನರರ ಸಂಬಳವನ್ನು ಮೀರಿತ್ತೆಂಬ ಮಾತು ಇಂದಿಗೂ ಬಾಯಿಂದ ಬಾಯಿಗೆ ಸಾಗಿ ಬರುತ್ತಿದೆ. ನಮ್ಮ ವಾಚಕರಲ್ಲಿ ಅಧಿಕಾರಿಗಳಾದವರು ಇದನ್ನು ಕೇಳಿ ನಗಬಹುದು. 1919ರ ಶಾಸನವು ಆ ಗವರ್ನರರಿಗೆ ವರ್ಷಕ್ಕೆ 1,28,000 ರೂಪಾಯಿಗಳವರೆಗೆ ಅವಕಾಶವಿತ್ತಿತ್ತು. ಮಾತು ಸುಳ್ಳಾದರೂ, ಜನರು ಒಬ್ಬ ನಟಿಯನ್ನು ತೂಗಲು ಯಾವ ತಕ್ಕಡಿಯನ್ನು ತಂದರೆಂಬುದು ಅದರಿಂದ ತಿಳಿಯುತ್ತದೆ.

1931ರಲ್ಲಿ ಚಿತ್ರವು ಮಾತನಾಡತೊಡಗಿತು. ‘ಆಲಂ ಆರಾ’ವನ್ನು ತಯಾರಿಸಿದ್ದು ಸುಲೋಚನೆಯಿದ್ದ ಇಂಪೀರಿಯಲ್ ಕಂಪೆನಿಯೇ, ನಾಯಿಕೆಯಾದವರು ಮಾತ್ರ ಜುಬೇದಾ. ಮೌನದಲ್ಲಿ ದೇಶವನ್ನೆಲ್ಲ ಒಲಿಸಿಕೊಂಡಿದ್ದವರಿಗೆ ಹಿಂದೂಸ್ತಾನಿಯು ಸುಲಲಿತವಾಗಿ ಬರುತ್ತಿರಲಿಲ್ಲ. ಇತರರಾಗಿದ್ದರೆ ವಿಧಿಯನ್ನು ಹಳಿದು ಮನೆಯಲ್ಲಿ ಕುಳಿತಿರುತ್ತಿದ್ದರು. ಈಕೆ ಕುಳಿತು ಭಾಷೆಯನ್ನು ಕಲಿತರು. 1932ರಲ್ಲಿ ‘ಮಾಧುರಿ’ ವಾಕ್ಚಿತ್ರವಾಗಿ ಬಂದಿತು. 1934ರಲ್ಲಿ ಇಂದಿರೆಯೂ ಬಿ.ಎ. ದಾಟಿ ಎಂ.ಎ. ಆದಳು. ಆದರೂ ಹಳೆಯ ಪ್ರಭೆಯು ಬಹುಕಾಲ ನಿಲ್ಲಲಿಲ್ಲ. 1928ರ ಮೂಕಚಿತ್ರದಲ್ಲಿಯೂ 1935ರ ವಾಕ್ಚಿತ್ರದಲ್ಲಿಯೂ ಅನಾರ್ಕಲಿಯಾಗಿದ್ದವರು 1953ರ ‘ಅನಾರ್ಕಲಿ’ಯಲ್ಲಿ ಸಲೀಮನ ತಾಯಿಯಾದರು. ಆ ಮೇಲಿನದು ಚಿಕ್ಕ ಚಿಕ್ಕ ಪಾತ್ರಗಳ ಬಾಳು.

1973ರ ಸಾಲಿನ ದಾದಾಸಾಹೇಬ ಫಾಲ್ಕೆ ಪ್ರಶಸ್ತಿಯು ಆಕೆಗೆ ಸಂದಿತು. ಇದು ಉಚಿತವೇ. ಆದರೆ ‘ಟೈಪಿಸ್ಟ್ ಗರ್ಲ್’, ‘ವೈಲ್ಡ್‌ಕ್ಯಾಟ್’ಗಳನ್ನು ಇಂದು ನೋಡಬೇಕೆಂಬವರು ಎಲ್ಲಿಗೆ ಹೋಗಬೇಕು? ಭಾರತದಲ್ಲಿ ತಯಾರಾದ ಸುಮಾರು 1300 ಮೂಕಚಿತ್ರಗಳಲ್ಲಿ ಉಳಿದಿರುವುವು ಮೂವತ್ತರ ಆಸುಪಾಸು. ಅವುಗಳಲ್ಲಿಯೂ ಅನೇಕವು ತುಂಡುಗಳು. ಆ ಕಾಲದ ನೈಟ್ರೇಟ್ ಫಿಲ್ಮು ಬಹು ಬೇಗನೆ ಹೊತ್ತಿಕೊಳ್ಳತಕ್ಕದ್ದು. ಅದರಲ್ಲಿನ ಬೆಳ್ಳಿಯ ಆಸೆಗೆ ರೀಲುಗಳನ್ನು ಮಾರಿಕೊಂಡವರೂ ಉಂಟು. ರಾಷ್ಟ್ರೀಯ ಚಲಚ್ಚಿತ್ರ ಭಂಡಾರವು ಸ್ಥಾಪಿತವಾದುದು 1964ರಲ್ಲಿ, ಆಕೆ ಹುಟ್ಟಿದ ಪುಣೆಯಲ್ಲಿಯೇ. ವೇಳೆಗೆ ಆಕೆಯ ಮೂಕಚಿತ್ರಗಳ ಕಾಲವು ಕಳೆದು ಮೂವತ್ತು ವರ್ಷಗಳಾಗಿದ್ದುವು. ಅಳಿದುಳಿದ ನೈಟ್ರೇಟ್ ರೀಲುಗಳಲ್ಲಿ ಹಲವು ಅದೇ ಊರಿನಲ್ಲಿ 2003ರ ಅಗ್ನಿಗೆ ಆಹುತಿಯಾದುವು. ಕನ್ನಡಿಗರು ಇದನ್ನು ಪರರ ನಷ್ಟವೆಂದು ಓದಬೇಕಾಗಿಲ್ಲ. ನಮ್ಮ ‘ಸತಿ ಸುಲೋಚನ’ದ ಪ್ರತಿಯೂ ಇಂದು ಇಲ್ಲ.

ಅಚ್ಚಾದ ಪುಸ್ತಕಗಳ ಪ್ರತಿಗಳನ್ನು ಗೊತ್ತಾದ ಗ್ರಂಥಾಲಯಗಳಿಗೆ ಒಪ್ಪಿಸಬೇಕೆಂದು 1954ರಲ್ಲಿಯೇ ಶಾಸನವಾಗಿದೆ. 1956ರಲ್ಲಿ ವೃತ್ತಪತ್ರಿಕೆಗಳೂ ಅದರ ವ್ಯಾಪ್ತಿಗೆ ಬಂದುವು. ಪ್ರತಿಯೊಂದು ಚಿತ್ರದ ಪ್ರತಿಯನ್ನೂ ಒಪ್ಪಿಸಬೇಕೆಂಬ ಅಂತಹ ಶಾಸನವು ಇಲ್ಲ. ಪ್ರದರ್ಶನಕ್ಕೆ ಮೊದಲು ಚಿತ್ರವನ್ನು ಪರೀಕ್ಷಿಸಿ ಯೋಗ್ಯತಾಪತ್ರವನ್ನು ಕೊಡುವ ಸರಕಾರದವರಿಗೆ ಅದರ ಒಂದು ಸುಸ್ಥಿತಿಯ ಪ್ರತಿಯನ್ನು ಕೇಳಿ ಇಟ್ಟುಕೊಳ್ಳುವುದು ಅಸಾಧ್ಯವಾದ ಕಾರ್ಯವೆಂದು ನಮಗೆ ತೋರುವುದಿಲ್ಲ. ಪುಣೆಯ ಭಂಡಾರವನ್ನು 2022ರಲ್ಲಿ ಚಲನಚಿತ್ರ ಅಭಿವೃದ್ಧಿ ನಿಗಮದೊಡನೆ ಕೂಡಿಸಲಾಯಿತು. ಕೂಡಿಸಿದವರು ಈ ಶಾಸನದ ಕರಡನ್ನು ಪಾರ್ಲಿಮೆಂಟಿನ ಮುಂದೆ ತರಬೇಕು; ಭಂಡಾರದ ವೆಚ್ಚವನ್ನು ಲಾಭನಷ್ಟದ ಲೆಕ್ಕದಿಂದ ಬೇರೆಯಾಗಿ ಗೊತ್ತುಮಾಡಬೇಕು; ವಿದೇಶಗಳ ಭಂಡಾರಗಳಲ್ಲಿ ನಮ್ಮ ಮೂಕಚಿತ್ರಗಳ ರೀಲುಗಳೇನಾದರೂ ಇದ್ದಲ್ಲಿ ಅವುಗಳ ನಕಲುಗಳನ್ನು ತರಿಸಲು ಈಗಲೇ ಬರೆಯಬೇಕು.