ಕಾಗುಣಿತ ತಪ್ಪಿದರೆ ಪೌರತ್ವವೂ ತಪ್ಪಬೇಕೆ?

ಶಾಲೆಯ ವರ್ಗಾವಣೆ ಪತ್ರದಲ್ಲಿ ಮಹಮ್ಮದ್ ರಫೀಕ್. ಪಡಿತರ ಚೀಟಿಯಲ್ಲಿ ಮೊಹಮ್ಮದ್ ರಫೀಕ. ಮತದಾರರ ಪಟ್ಟಿಯಲ್ಲಿ ಮಹಮದ್ ರಫಿಕ್. ಆಧಾರ್‌ನಲ್ಲಿ ಎಂ.ಡಿ. ರಫಿಕ್. ಮನುಷ್ಯ ಒಬ್ಬನೇ, ಹೆತ್ತವರು ಕೂಗಿದ ಹೆಸರೂ ಒಂದೇ. ಆದರೆ ಸರಕಾರಿ ಕಚೇರಿಯ ಕಿಟಕಿಯ ಮುಂದೆ ಆತ ನಾಲ್ವರಾಗಿಬಿಡುತ್ತಾನೆ. ಆ ನಾಲ್ವರೂ ತಾನೊಬ್ಬನೇ ಎಂದು ಸಾಬೀತುಪಡಿಸುವ ಹೊಣೆಯೂ ಆತನದೇ. ನೋಟರಿಯ ಮುಂದೆ ಅಫಿದವಿತ್, ಪತ್ರಿಕೆಯಲ್ಲಿ ಜಾಹೀರಾತು, ದಿನಗೂಲಿ ಕಳೆದುಕೊಂಡು ತಾಲೂಕು ಕಚೇರಿಗೆ ಅಲೆದಾಟ. ಮಗಳ ವಿದ್ಯಾರ್ಥಿವೇತನ, ತಾಯಿಯ ವಿಧವಾ ವೇತನ, ತೀರಿಕೊಂಡ ತಂದೆಯ ಹೆಸರಿನಲ್ಲಿರುವ ಐದು ಸೆಂಟ್ಸ್ ಜಾಗ ಎಲ್ಲವೂ ಒಂದು ಒತ್ತಕ್ಷರಕ್ಕೆ ಸಿಕ್ಕಿಕೊಂಡು ನಿಲ್ಲುತ್ತವೆ.

ಇದನ್ನು ಯಾರೋ ಗುಮಾಸ್ತನ ಅಜಾಗರೂಕತೆ ಎಂದು ಹೇಳಿ ಕೈತೊಳೆದುಕೊಳ್ಳುವವರಿದ್ದಾರೆ. ನಾವು ಅದನ್ನು ಒಪ್ಪುವುದಿಲ್ಲ. ಕಿವಿಗೆ ಬಿದ್ದ ಹೆಸರನ್ನು ಅಕ್ಷರಕ್ಕಿಳಿಸಲು ನಮ್ಮ ಆಡಳಿತದ ಬಳಿ ಎಲ್ಲರೂ ಪಾಲಿಸುವಂತಹ ಒಂದು ಪದ್ಧತಿಯೇ ಇಲ್ಲ. ಪದ್ಧತಿ ರೂಪಿಸದ ತಪ್ಪು ಆಡಳಿತದ್ದು, ಅದರ ದಂಡ ಕಟ್ಟುವವನು ಪ್ರಜೆ. ನಮ್ಮ ತಕರಾರು ಇರುವುದು ಇಲ್ಲಿ.

ದೋಷ ಹುಟ್ಟುವ ಬಗೆಯನ್ನು ಗಮನಿಸಿ. ಹೆಸರು ಅರಬಿಯದು, ಮನೆಮಾತು ಉರ್ದು, ಬ್ಯಾರಿ ಅಥವಾ ನವಾಯತಿ, ಶಾಲೆಯ ಹಾಜರಿ ಪುಸ್ತಕ ಕನ್ನಡದ್ದು, ಕಂಪ್ಯೂಟರ್ ಇಂಗ್ಲಿಷಿನದು. ಒಂದೊಂದು ಹೊಸ್ತಿಲು ದಾಟುವಾಗಲೂ ಹೆಸರು ಸ್ವಲ್ಪ ಸವೆಯುತ್ತದೆ. ಈಗಂತೂ ಅನೇಕ ಕಡೆಗಳಲ್ಲಿ ಹೆಸರನ್ನು ಮೊದಲು ಇಂಗ್ಲಿಷಿನಲ್ಲಿ ಬೆರಳಚ್ಚಿಸಿ, ಅದನ್ನು ಕನ್ನಡಕ್ಕೆ ತಿರುಗಿಸುವ ಕೆಲಸವನ್ನು ಯಂತ್ರಕ್ಕೆ ವಹಿಸಲಾಗುತ್ತದೆ. ಇಂಗ್ಲಿಷ್ ಕಾಗುಣಿತವೋ ಹ್ರಸ್ವ ದೀರ್ಘಗಳನ್ನು ಕಾಪಾಡಿಕೊಳ್ಳುವಂಥದ್ದಲ್ಲ. ಹಾಮಿದ್ ಎಂದರೆ ಸ್ತುತಿಸುವವನು, ಹಮೀದ್ ಎಂದರೆ ಸ್ತುತ್ಯರ್ಹನು. ಆಮಿನಾ ಒಂದು ಹೆಸರು, ಅಮೀನಾ ಇನ್ನೊಂದು. ಇಂಗ್ಲಿಷಿನಲ್ಲಿ ಈ ಜೋಡಿಗಳೆಲ್ಲ ಹೆಚ್ಚಾಗಿ ಒಂದೇ ರೂಪ ತಾಳುತ್ತವೆ. ಅಲ್ಲಿಂದ ಯಂತ್ರ ಯಾವುದನ್ನು ಹೊರತೆಗೆಯುತ್ತದೆ ಎಂಬುದು ಅದೃಷ್ಟದ ಮಾತು. ತ-ಕಾರವನ್ನು ಬರೆಯಲು ‘ಟಿ’ಯ ಜೊತೆಗೆ ‘ಎಚ್’ ಸೇರಿಸುವುದು ದಕ್ಷಿಣ ಭಾರತದ ರೂಢಿ. ಅದನ್ನರಿಯದ ಯಂತ್ರ ಝೀನತ್ ಎಂಬ ಹೆಣ್ಣುಮಗಳನ್ನು ಜೀನಥ್ ಮಾಡಿ ಕೈಗಿಡುತ್ತದೆ. ಅಬ್ದುರ್ರಹ್ಮಾನ್ ಎಂಬುದು ಅಖಂಡವಾದ ಒಂದೇ ಹೆಸರು. ‘ಅಬ್ದುಲ್’ ಎಂಬ ತುಣುಕಿಗೆ ಸ್ವತಂತ್ರ ಅರ್ಥ ಪೂರ್ತಿಯಾಗುವುದೇ ಇಲ್ಲ. ಆದರೆ ಅರ್ಜಿ ನಮೂನೆಗೆ ಮೊದಲ ಹೆಸರು, ಕೊನೆಯ ಹೆಸರು ಎಂಬ ಎರಡು ಚೌಕಗಳು ಬೇಕು. ದೇವದಾಸ್ಯವನ್ನು ಸೂಚಿಸುವ ಹೆಸರನ್ನು ಹೀಗೆ ನಡುವೆ ಕತ್ತರಿಸಲಾಗುತ್ತದೆ.

ಇದು ಮುಸ್ಲಿಮರಿಗೆ ಮಾತ್ರ ಸೀಮಿತವಾದ ಸಂಕಟವೆಂದು ಯಾರೂ ತಿಳಿಯದಿರಲಿ. ರಾಮ ಮತ್ತು ರಮಾ ಇಂಗ್ಲಿಷಿನಲ್ಲಿ ಒಂದೇ. ಲ ಮತ್ತು ಳ, ನ ಮತ್ತು ಣ, ಎ ಮತ್ತು ಏ, ಒ ಮತ್ತು ಓ ಎಂಬ ಭೇದಗಳು ಅಲ್ಲಿ ಅಳಿಸಿಹೋಗುತ್ತವೆ. ತುಳು, ಕೊಡವ ಭಾಷೆಗಳ ಕೆಲವು ಸ್ವರಗಳಿಗೆ ಕನ್ನಡದಲ್ಲಿ ಪ್ರತ್ಯೇಕ ಅಕ್ಷರವಿಲ್ಲ. ಆದರೂ ಒಂದು ವ್ಯತ್ಯಾಸವಿದೆ. ಇತರರಿಗೆ ಕಾಗುಣಿತದ ಏರುಪೇರು ಕಿರಿಕಿರಿಯಾದರೆ, ಸಂಶಯದ ನೋಟಕ್ಕೆ ಮೊದಲೇ ಗುರಿಯಾಗಿರುವ ಸಮುದಾಯಕ್ಕೆ ಅದೇ ಏರುಪೇರು ಆರೋಪಪಟ್ಟಿಯಾಗಬಲ್ಲದು.

ಅಸ್ಸಾಮಿನ ಅನುಭವ ನಮ್ಮ ಕಣ್ಣ ಮುಂದಿದೆ. 2019ರ ಆಗಸ್ಟ್ 31ರಂದು ಪ್ರಕಟವಾದ ರಾಷ್ಟ್ರೀಯ ಪೌರತ್ವ ನೋಂದಣಿಯ ಅಂತಿಮ ಪಟ್ಟಿಯಿಂದ 19 ಲಕ್ಷಕ್ಕೂ ಅಧಿಕ ಜನರು ಹೊರಗುಳಿದರು. ಅವರಲ್ಲಿ ಹಿಂದೂಗಳೂ ಇದ್ದರು, ಮುಸ್ಲಿಮರೂ ಇದ್ದರು. ವಿದೇಶೀಯರ ನ್ಯಾಯಮಂಡಳಿಗಳ ಮುಂದೆ ಹಳೆಯ ಮತದಾರರ ಪಟ್ಟಿಯ ಹೆಸರಿಗೂ ಹೊಸ ದಾಖಲೆಯ ಹೆಸರಿಗೂ ಅಕ್ಷರ ಹೊಂದುವುದಿಲ್ಲ ಎಂಬ ವಾದ ಮತ್ತೆ ಮತ್ತೆ ಕೇಳಿಬಂತು. ಅಂತಹ ಒಂದು ಪ್ರಕರಣದಲ್ಲಿ ಸುಪ್ರೀಂ ಕೋರ್ಟು 2024ರ ಜುಲೈಯಲ್ಲಿ, ವಿದೇಶೀಯನೆಂದು ಘೋಷಿತನಾಗಿದ್ದ ವ್ಯಕ್ತಿಯನ್ನು ಭಾರತೀಯನೆಂದು ಎತ್ತಿಹಿಡಿಯಿತು. ಪ್ರಾದೇಶಿಕ ಭಾಷೆಯಲ್ಲೂ ಇಂಗ್ಲಿಷಿನಲ್ಲೂ ಒಂದೇ ಹೆಸರಿಗೆ ಭಿನ್ನ ಕಾಗುಣಿತವಿರುವುದು ಈ ದೇಶದಲ್ಲಿ ಅಪರೂಪವೇನಲ್ಲ, ಉಚ್ಚಾರದ ರೂಢಿಯಿಂದ ಹಾಗಾಗುವುದು ಸಹಜ ಎಂಬ ಅರ್ಥದಲ್ಲಿ ನ್ಯಾಯಾಲಯ ನುಡಿಯಿತು. ಹಳ್ಳಿಯ ಮುದುಕಿಗೂ ಗೊತ್ತಿರುವ ಈ ಸತ್ಯವನ್ನು ಹೇಳಲು ದೇಶದ ಪರಮೋಚ್ಚ ನ್ಯಾಯಾಲಯವೇ ಬೇಕಾಯಿತು ಎಂಬುದು ಖೇದಕರ. 2025ರಲ್ಲಿ ಬಿಹಾರದಿಂದ ಆರಂಭಿಸಿ ಮತದಾರರ ಪಟ್ಟಿಯ ವಿಶೇಷ ತೀವ್ರ ಪರಿಷ್ಕರಣೆ ಕೈಗೊಳ್ಳಲಾಯಿತು. ಅದೇ ವರ್ಷದ ನವೆಂಬರ್‌ನಲ್ಲಿ ಅದು ಇನ್ನೂ 12 ರಾಜ್ಯ ಮತ್ತು ಕೇಂದ್ರಾಡಳಿತ ಪ್ರದೇಶಗಳಿಗೆ ಹಬ್ಬಿತು. ಹಳೆಯ ಪಟ್ಟಿಯನ್ನೂ ಹೊಸ ಪಟ್ಟಿಯನ್ನೂ ಅಕ್ಕಪಕ್ಕ ಇಟ್ಟು ನೋಡುವ ಕಾಲ ಇದು. ಆದ್ದರಿಂದ ಅಕ್ಷರದ ಪ್ರಶ್ನೆಯನ್ನು ವ್ಯಾಕರಣದ ತರಗತಿಗೆ ಬಿಟ್ಟು ಸುಮ್ಮನಿರುವಂತಿಲ್ಲ.

‘ಪರಭಾಷೆಯ ಧ್ವನಿಗಳಿಗಾಗಿ ಕನ್ನಡವೇಕೆ ತಲೆಕೆಡಿಸಿಕೊಳ್ಳಬೇಕು?’ ಎಂದು ಕೇಳುವವರಿಗೆ ನಮ್ಮ ಉತ್ತರ ಅವರು ಕೆಲಸ ಮಾಡುವ ಕಚೇರಿಯಲ್ಲೇ ಇದೆ. ಉರ್ದುವಿನಲ್ಲಿ ‘ಝ’ ಧ್ವನಿಗೆ ಝಾಲ್, ಝೇ, ಝ್ವಾದ್, ಝೋಯೆ ಎಂಬ ನಾಲ್ಕು ಅಕ್ಷರಗಳಿವೆ. ‘ಅರ್ಜಿ’ಯಲ್ಲಿರುವುದು ಝ್ವಾದ್. ‘ಜಮೀನಿ’ನಲ್ಲಿರುವುದು ಝೇ. ‘ಮಂಜೂರಿ’ನಲ್ಲಿರುವುದು ಝೋಯೆ. ಫಾರ್ಸಿಯ ‘ಕಾಗಝ್’ನ ಕೊನೆಯಲ್ಲಿದ್ದ ಝಾಲ್, ಕನ್ನಡದಲ್ಲಿ ದ-ಕಾರವಾಗಿ ‘ಕಾಗದ’ವಾಯಿತು. ಜಮೀನಿಗಾಗಿ ಕಾಗದದ ಮೇಲೆ ಅರ್ಜಿ ಬರೆದು ಮಂಜೂರು ಮಾಡಿಸಿಕೊಳ್ಳುವ ಕನ್ನಡಿಗನು ಆ ನಾಲ್ಕೂ ಅಕ್ಷರಗಳನ್ನು ದಿನನಿತ್ಯ ಬಳಸುತ್ತಾನೆ. ಆ ಪದಗಳಿಂದ ಯಾರೂ ಮೂಲ ದಾಖಲೆ ಕೇಳಲಿಲ್ಲ. ಉಚ್ಚಾರ ಬದಲಾಯಿತೆಂದು ಯಾರೂ ಅವುಗಳನ್ನು ನಿಘಂಟಿನಿಂದ ಹೊರಹಾಕಲಿಲ್ಲ. ಪದಗಳಿಗೆ ಸಿಕ್ಕ ಔದಾರ್ಯ ಮನುಷ್ಯರಿಗೆ ಏಕೆ ಸಿಗಬಾರದು?

ಇಷ್ಟಕ್ಕೂ ಧ್ವನಿಯನ್ನು ನಿಖರವಾಗಿ ಬರೆಯುವ ವಿದ್ಯೆ ನಮಗೆ ಹೊಸದಲ್ಲ. ಆರಂಭಕಾಲದ ಅರಬಿ ಬರಹದಲ್ಲಿ ಸ್ವರಚಿಹ್ನೆಗಳಿರಲಿಲ್ಲ, ಒಂದೇ ಆಕಾರದ ಅಕ್ಷರಗಳನ್ನು ಬೇರ್ಪಡಿಸುವ ಚುಕ್ಕೆಗಳೂ ಹೆಚ್ಚಾಗಿ ಇರಲಿಲ್ಲ. ಇಸ್ಲಾಮ್ ಅರೇಬಿಯದಾಚೆ ಹರಡಿ ಅರಬೇತರರು ಕುರ್‌ಆನ್ ಪಠಿಸತೊಡಗಿದಾಗ, ಒಂದು ಸ್ವರ ಬದಲಾದರೂ ಅರ್ಥ ತಲೆಕೆಳಗಾಗುವ ಅಪಾಯ ಎದುರಾಯಿತು. ಅಬುಲ್ ಅಸ್ವದ್ ಅದ್ದುಅಲೀ ಸ್ವರಗಳನ್ನು ಸೂಚಿಸಲು ಚುಕ್ಕೆಗಳನ್ನು ತಂದರೆಂದು ಪರಂಪರೆ ಹೇಳುತ್ತದೆ. 8ನೆಯ ಶತಮಾನದ ಖಲೀಲ್ ಬಿನ್ ಅಹ್ಮದ್ ಇಂದಿನ ರೂಪದ ಸ್ವರಚಿಹ್ನೆಗಳಿಗೆ ಬುನಾದಿ ಹಾಕಿದರು. ಅವರ ‘ಕಿತಾಬುಲ್ ಐನ್’ ನಿಘಂಟು ಗಂಟಲಿನ ಧ್ವನಿಯಿಂದ ಆರಂಭಿಸಿ ತುಟಿಯ ಧ್ವನಿಗಳತ್ತ ಸಾಗುತ್ತದೆ. ಅವರ ಶಿಷ್ಯ ಸೀಬವೈಹಿ, ಅರಬಿ ವ್ಯಾಕರಣದ ಮಹಾಗುರು, ಜನ್ಮತಃ ಫಾರ್ಸಿಯವರು. ಈಗ ಕನ್ನಡ ವರ್ಣಮಾಲೆಯನ್ನು ನೋಡಿ. ಕ-ವರ್ಗ ಕಂಠದಲ್ಲಿ, ಪ-ವರ್ಗ ತುಟಿಯಲ್ಲಿ. ಮದ್ರಸದಲ್ಲಿ ಮಖ್ರಜ್ ಕಲಿಯುವ ಬಾಲಕನೂ ಶಾಲೆಯಲ್ಲಿ ವರ್ಗೀಯ ವ್ಯಂಜನ ಕಲಿಯುವ ಬಾಲಕಿಯೂ ಬಾಯಿಯೊಳಗಿನ ಒಂದೇ ದಾರಿಯಲ್ಲಿ ನಡೆಯುತ್ತಾರೆ. ಇಷ್ಟು ಸಿರಿವಂತವಾದ ಎರಡು ಧ್ವನಿಶಾಸ್ತ್ರಗಳ ವಾರಸುದಾರರಾದ ನಾವು ನಮ್ಮ ಮಕ್ಕಳ ಹೆಸರುಗಳನ್ನು ಇಂಗ್ಲಿಷ್ ಕೀಲಿಮಣೆಯ ದಯೆಗೆ ಬಿಟ್ಟಿದ್ದೇವೆ ಎಂಬುದು ದೊಡ್ಡ ವಿಪರ್ಯಾಸ.

ಆ ಇಂಗ್ಲಿಷಿನ ಚರಿತ್ರೆಯನ್ನೂ ಅರಿಯಬೇಕು. ಭಾರತದ ಹೆಸರುಗಳನ್ನು ರೋಮನ್ ಲಿಪಿಯಲ್ಲಿ ಬರೆಯುವ ಸರಕಾರಿ ಪದ್ಧತಿಗೆ ವಿಲಿಯಂ ಹಂಟರ್ ಎಂಬ ಆಂಗ್ಲ ಅಧಿಕಾರಿಯ ಹೆಸರಿದೆ. 1871ರಲ್ಲಿ ಭಾರತೀಯ ಮುಸ್ಲಿಮರ ಸ್ಥಿತಿಗತಿಯ ಕುರಿತು ಪ್ರಸಿದ್ಧ ಗ್ರಂಥವನ್ನು ಬರೆದ ಹಂಟರ್ ಇವನೇ. ಅವನ ಪದ್ಧತಿ ಊರುಗಳ ಹೆಸರಿಗೆ ಒಂದು ಮಟ್ಟದ ಶಿಸ್ತು ತಂದಿತು. ವ್ಯಕ್ತಿಗಳ ಹೆಸರುಗಳು ಮಾತ್ರ ಯಾವ ಶಿಸ್ತಿಗೂ ಒಳಪಡದೆ ಉಳಿದವು. ವಸಾಹತು ಆಡಳಿತಕ್ಕೆ ಬೇಕಾಗಿದ್ದುದು ಭೂಪಟ, ಪ್ರಜೆಯ ಹೆಸರಿನ ಗೌರವವಲ್ಲ. ಸ್ವತಂತ್ರ ಭಾರತವೂ ಆ ಪ್ರಾಶಸ್ತ್ಯಕ್ರಮವನ್ನೇ ಮುಂದುವರಿಸಿತು. 2014ರ ನವೆಂಬರ್ 1ರಂದು ನಮ್ಮ ರಾಜ್ಯ ಬೆಂಗಳೂರು, ಮೈಸೂರು, ಮಂಗಳೂರು, ಶಿವಮೊಗ್ಗ, ಹುಬ್ಬಳ್ಳಿ ಸೇರಿ 12 ನಗರಗಳ ಇಂಗ್ಲಿಷ್ ಹೆಸರನ್ನು ಕನ್ನಡದ ಉಚ್ಚಾರಕ್ಕೆ ತಕ್ಕಂತೆ ತಿದ್ದಿತು. ಅದು ಸ್ವಾಗತಾರ್ಹವೇ. ಫಲಕಗಳು ಬದಲಾದವು. ಹಳೆಯ ಕಾಗುಣಿತವಿದ್ದ ದಾಖಲೆಗಳನ್ನು ತಿರಸ್ಕರಿಸಿ ಆ ನಗರಗಳಿಂದ ಯಾರೂ ಅಫಿದವಿತ್ ಕೇಳಲಿಲ್ಲ. ನಗರಗಳಿಗೆ ಸಲ್ಲುವ ಈ ನ್ಯಾಯ ನಗರವಾಸಿಗಳಿಗೂ ಸಲ್ಲಬೇಕು.

ಕಂಪ್ಯೂಟರ್ ಲೋಕವೂ ಒಂದು ಪಾಠ ಹೇಳುತ್ತದೆ. ಜಗತ್ತಿನ ಲಿಪಿಗಳನ್ನೆಲ್ಲ ಒಂದು ಚೌಕಟ್ಟಿಗೆ ತಂದ ಯುನಿಕೋಡ್ ಎಂಬ ಶಿಷ್ಟತೆಯಲ್ಲಿ ಹಳಗನ್ನಡದ ‘ೞ’ ಅಕ್ಷರಕ್ಕೆ ತಪ್ಪಾಗಿ ‘ಫ಼’ ಎಂಬ ಹೆಸರು ಬಿತ್ತು. ಒಮ್ಮೆ ಕೊಟ್ಟ ಹೆಸರನ್ನು ಬದಲಿಸಬಾರದೆಂಬುದು ಅಲ್ಲಿನ ನಿಯಮ. ಆದ್ದರಿಂದ ಅವರು ತಪ್ಪನ್ನು ಬಹಿರಂಗವಾಗಿ ದಾಖಲಿಸಿ, ಸರಿಯಾದ ಹೆಸರನ್ನು ಪರ್ಯಾಯವಾಗಿ ಮಾನ್ಯ ಮಾಡಿದರು. ಆ ಅಕ್ಷರಕ್ಕೆ ಕೊಟ್ಟ ಸಂಖ್ಯೆ, ಸ್ಥಾನ ಹಾಗೆಯೇ ಉಳಿದಿವೆ. ಹೆಸರು ತಪ್ಪಾಯಿತೆಂದು ‘ೞ’ ತನ್ನ ಜಾಗವನ್ನು ಕಳೆದುಕೊಳ್ಳಲಿಲ್ಲ. ಒಂದು ಅಕ್ಷರಕ್ಕೆ ದೊರೆತ ಈ ರಕ್ಷಣೆಯನ್ನು ಒಬ್ಬ ಪೌರನಿಗೆ ಕೊಡಲು ಕಷ್ಟವೇನಿದೆ? ಜ ಮತ್ತು ಫ-ಗಳ ಕೆಳಗೆ ಇಡುವ ಚುಕ್ಕೆಗೂ 2003ರಲ್ಲೇ ಯುನಿಕೋಡ್ ಕನ್ನಡದಲ್ಲಿ ಸ್ಥಾನ ಕೊಟ್ಟಿದೆ. ಸಾಧನವಿಲ್ಲ ಎಂಬ ನೆಪ ಇನ್ನು ನಡೆಯದು.

ಇನ್ನು ನಮ್ಮ ಸಮುದಾಯದೊಂದಿಗೂ ನಿಷ್ಠುರವಾಗಿ ಮಾತನಾಡಬೇಕಾಗಿದೆ. ಉಪವಾಸದ ತಿಂಗಳು ಸಮೀಪಿಸಿದಾಗ ಅದು ರಮಝಾನೋ ರಮದಾನೋ ರಮಳಾನೋ ಎಂಬ ಚರ್ಚೆ ನಮ್ಮಲ್ಲಿ ಬಿಸಿಯೇರುತ್ತದೆ. ಮೂರೂ ಒಂದೇ ಅರಬಿ ಅಕ್ಷರವನ್ನು ಹಿಡಿಯಲು ಮೂರು ನಾಡುಗಳ ನಾಲಿಗೆ ಮಾಡಿದ ಪ್ರಯತ್ನಗಳು, ಅಷ್ಟೆ. ಅದರ ಕುರಿತು ತಾಸುಗಟ್ಟಲೆ ವಾದಿಸುವ ನಾವು, ಮಗುವಿನ ಜನನ ಪ್ರಮಾಣಪತ್ರದಲ್ಲಿ ಏನು ಬರೆಯಲಾಗಿದೆ ಎಂದು ಓದಿ ನೋಡುವುದಿಲ್ಲ. ಅಖೀಖಾದ ಊಟಕ್ಕೆ ಇರುವ ಮುತುವರ್ಜಿ ಹೆಸರಿನ ನೋಂದಣಿಗೆ ಇಲ್ಲ. ಹೆಣ್ಣುಮಕ್ಕಳ ವಿಷಯದಲ್ಲಂತೂ ಈ ಉದಾಸೀನ ಅನ್ಯಾಯದ ಮಟ್ಟ ತಲುಪಿದೆ. ಮದ್ರಸದಲ್ಲಿ ಫಾತಿಮಾ, ಶಾಲೆಯಲ್ಲಿ ಫಾತಿಮಾ ಬಾನು, ಗಂಡನ ಮನೆಯ ಪಡಿತರ ಚೀಟಿಯಲ್ಲಿ ಪಾತುಮ್ಮ. ವಿಧವೆಯಾದ ದಿನ ಈ ಮೂವರು ಒಬ್ಬಳೇ ಎಂದು ಹೇಳಲು ಆಕೆಯ ಬಳಿ ಒಂದು ಕಾಗದವೂ ಇರುವುದಿಲ್ಲ. ಖದೀಜಾ ಕತೀಜಳಾಗುವುದು, ಝೈನಬ್ ಸೈನಾಬಳಾಗುವುದು ಬಾಯಿಮಾತಿನ ಸೊಗಸು, ಅದಕ್ಕೆ ನಮ್ಮ ಆಕ್ಷೇಪವಿಲ್ಲ. ದಾಖಲೆಯಲ್ಲಿ ಮಾತ್ರ ಒಂದೇ ರೂಪ ಇರಬೇಕು.

ಕನ್ನಡ ಲಿಪಿಯಲ್ಲಿ ಅರಬಿ ಹೆಸರನ್ನು ಸರಿಯಾಗಿ ಬರೆಯುವುದು ಅಸಾಧ್ಯ, ಆದ್ದರಿಂದ ಹೇಗೆ ಬರೆದರೂ ಒಂದೇ ಎಂದು ಕೈಚೆಲ್ಲುವ ಕೆಲವು ಧಾರ್ಮಿಕ ಮುಂದಾಳುಗಳೂ ಇದ್ದಾರೆ. ಕುರ್‌ಆನ್ ಪಠಣಕ್ಕೆ ಅರಬಿ ಮೂಲವೇ ಆಧಾರ, ಅದರಲ್ಲಿ ವಿವಾದವಿಲ್ಲ. ಆದರೆ ಹೆಸರು ಪಠಣವಲ್ಲ, ಗುರುತು. ಮಲಬಾರಿನ ಉಲಮಾಗಳು ಇದನ್ನು ಅರಿತಿದ್ದರು. ಅರಬಿ ಅಕ್ಷರಗಳಿಗೆ ಹೊಸ ಚುಕ್ಕೆ, ಹೊಸ ಗೆರೆ ಸೇರಿಸಿ ಮಲಯಾಳದ ಧ್ವನಿಗಳನ್ನು ಬರೆಯುವ ಅರಬಿ-ಮಲಯಾಳವನ್ನು ಅವರು ರೂಢಿಸಿದರು. 1607ರ ‘ಮುಹ್ಯಿದ್ದೀನ್ ಮಾಲೆ’ ಹುಟ್ಟಿದ್ದು ಆ ಲಿಪಿಯಲ್ಲಿ. ನಮ್ಮ ಕರಾವಳಿಯ ಎಷ್ಟೋ ಮದ್ರಸಗಳ ಮಕ್ಕಳು ಅದನ್ನೇ ಓದಿ ಬೆಳೆದಿದ್ದಾರೆ. ಪರಕೀಯ ಧ್ವನಿಗಾಗಿ ಅರಬಿ ಲಿಪಿಯನ್ನೇ ಹಿಗ್ಗಿಸಿದವರ ಪರಂಪರೆಗೆ ಸೇರಿದವರು, ಕನ್ನಡದ ಕೆಳಗೆ ಒಂದು ಚುಕ್ಕೆ ಇಡಲು ಹಿಂಜರಿಯುವುದು ಶೋಭೆಯಲ್ಲ.

ಹಾಗಾದರೆ ಆಗಬೇಕಾದುದೇನು? ರಾಜ್ಯ ಸರಕಾರ ಕನ್ನಡ ಅಭಿವೃದ್ಧಿ ಪ್ರಾಧಿಕಾರದ ಮೂಲಕ, ಮೈಸೂರಿನ ಭಾರತೀಯ ಭಾಷೆಗಳ ಕೇಂದ್ರ ಸಂಸ್ಥಾನದ ವಿದ್ವಾಂಸರನ್ನೂ ಅರಬಿ ಉರ್ದು ಬಲ್ಲವರನ್ನೂ ಜೊತೆಗೆ ಕೂರಿಸಿ, ವ್ಯಕ್ತಿನಾಮಗಳ ಲೇಖನಕ್ಕೆ ಒಂದು ಕೈಪಿಡಿ ಹೊರತರಲಿ. ಹೆಸರನ್ನು ಮೊದಲು ಕನ್ನಡದಲ್ಲಿ ಕೇಳಿ ಬರೆದು, ಓದಿ ಹೇಳಿ, ಬಳಿಕ ಇಂಗ್ಲಿಷಿಗೆ ತರುವ ಕ್ರಮ ಕಡ್ಡಾಯವಾಗಲಿ. ಒಂದೇ ಹೆಸರಿನ ಉಚ್ಚಾರಭೇದಗಳನ್ನು ಪರ್ಯಾಯ ರೂಪಗಳೆಂದು ದಾಖಲೆಯಲ್ಲೇ ಮಾನ್ಯ ಮಾಡಲಿ. ಕೇವಲ ಕಾಗುಣಿತದ ವ್ಯತ್ಯಾಸಕ್ಕಾಗಿ ಅರ್ಜಿಯನ್ನು ತಿರಸ್ಕರಿಸಬಾರದೆಂಬ ಸ್ಪಷ್ಟ ಆದೇಶ ಪ್ರತಿ ತಾಲೂಕು ಕಚೇರಿಗೂ ತಲುಪಲಿ. ಇತ್ತ ಪ್ರತಿಯೊಂದು ಜಮಾಅತ್ ತನ್ನ ಮೊಹಲ್ಲಾದ ಮನೆಗಳ ದಾಖಲೆಗಳನ್ನು ಒಮ್ಮೆ ತಾಳೆ ನೋಡಲಿ. ಮಖ್ರಜ್ ಬಲ್ಲ ಉಸ್ತಾದರೂ ಕನ್ನಡ ಬಲ್ಲ ಶಿಕ್ಷಕಿಯೂ ಒಂದೇ ಮೇಜಿನ ಮುಂದೆ ಕುಳಿತರೆ ಒಂದು ಊರಿನ ಕೆಲಸ ಕೆಲವೇ ದಿನಗಳಲ್ಲಿ ಮುಗಿದೀತು.

ಮಗುವಿಗೆ ಒಳ್ಳೆಯ ಹೆಸರಿಡುವುದು ಹೆತ್ತವರ ಮೇಲಿನ ಹಕ್ಕು ಎಂದು ನಾವು ಮಿಂಬರ್‌ನಿಂದ ಕೇಳುತ್ತಲೇ ಬಂದಿದ್ದೇವೆ. ಆ ಹೆಸರನ್ನು ಸರಿಯಾಗಿ ಬರೆದುಕೊಳ್ಳುವುದು ಸರಕಾರದ ಕರ್ತವ್ಯ. ಅದು ಆ ಕರ್ತವ್ಯದಲ್ಲಿ ತಪ್ಪಿದಾಗ ಶಿಕ್ಷೆ ಮಗುವಿಗೆ ಆಗಕೂಡದು.