ಕೋವಿಗೂ ತೋಟೆಗೂ ನಡುವೆ ಒಂದು ಬೀಗ

ಚುನಾವಣೆ ಘೋಷಣೆಯಾದ ಬೆನ್ನಿಗೇ ಮಲೆನಾಡು, ಕರಾವಳಿಯ ರೈತರಿಗೆ ಠಾಣೆಯಿಂದ ಸೂಚನೆ ಬರುತ್ತದೆ: ಕೋವಿ ತಂದು ಠೇವಣಿ ಇಡಿ. ಅದು ಮನೆಗೆ ಮರಳುವುದು ಫಲಿತಾಂಶ ಹೊರಬಿದ್ದ ಮೇಲೆ. ಅಷ್ಟರಲ್ಲಿ ಹಂದಿಗಳು ಗದ್ದೆ ಅಗೆದಿರುತ್ತವೆ, ಮಂಗಗಳು ತೋಟದ ಎಳನೀರು ಮುಗಿಸಿರುತ್ತವೆ. ಪ್ರತಿ ಚುನಾವಣೆಗೂ ಇದೇ ತಕರಾರು, ಜಿಲ್ಲಾಧಿಕಾರಿಗೆ ಇದೇ ಮನವಿ. ಬೆಳೆ ಕಾಯುವವನನ್ನು ರೌಡಿಯಂತೆ ಕಾಣುವುದಕ್ಕೆ ರೈತರು ಸಿಟ್ಟಾಗುವುದು ನ್ಯಾಯವೇ. ಆದರೆ ಉಳಿದ ದಿನಗಳಲ್ಲಿ ಆ ಕೋವಿ ಮನೆಯ ಯಾವ ಮೂಲೆಯಲ್ಲಿರುತ್ತದೆ, ತೋಟೆಗಳು ಎಲ್ಲಿರುತ್ತವೆ ಎಂದು ಸರ್ಕಾರವೂ ಕೇಳುವುದಿಲ್ಲ, ರೈತರೂ ಚರ್ಚಿಸುವುದಿಲ್ಲ.

ಹೀಗಾಗಲು ಕಾರಣವಿದೆ. ನಮ್ಮ ಶಸ್ತ್ರ ಕಾನೂನು ಹುಟ್ಟಿದ್ದೇ ಪ್ರಜೆಗಳ ಮೇಲಿನ ಅನುಮಾನದಿಂದ. 1857ರ ದಂಗೆಯ ನಂತರ ಬ್ರಿಟಿಷರು ಜನರ ಕೈಯಿಂದ ಆಯುಧ ಕಸಿಯಲು ಕಾಯ್ದೆ ತಂದರು. ತಮಗೆ ನಿಷ್ಠರಾಗಿದ್ದರೆಂದು ಕೊಡವರಿಗೆ 1861ರಲ್ಲಿ ಬ್ರಿಟಿಷ್ ಅಧಿಕಾರಿ ಮಾರ್ಕ್ ಕಬ್ಬನ್ ಅದರಿಂದ ವಿನಾಯಿತಿ ಕೊಟ್ಟರು. ಸ್ವತಂತ್ರ ಭಾರತದ 1959ರ ಶಸ್ತ್ರಾಸ್ತ್ರ ಕಾಯ್ದೆಯಡಿ, 1963ರ ಅಧಿಸೂಚನೆಯ ಮೂಲಕ ಆ ವಿನಾಯಿತಿ ಮುಂದುವರಿಯಿತು. ಕೊಡವರು ಮತ್ತು ಕೊಡಗಿನ ಜಮ್ಮಾ ಭೂಮಿಯ ಹಿಡುವಳಿದಾರರಿಗೆ ಅನ್ವಯಿಸುವ ಅದನ್ನು ಕೇಂದ್ರ ಸರ್ಕಾರ 2019ರಲ್ಲಿ ಮತ್ತೆ 10 ವರ್ಷಕ್ಕೆ, ಅಂದರೆ 2029ರವರೆಗೆ ವಿಸ್ತರಿಸಿತು. ಇದು ಸಮಾನತೆಗೆ ವಿರುದ್ಧ ಎಂದು ಹೂಡಿದ ಅರ್ಜಿಯನ್ನು ಕರ್ನಾಟಕ ಹೈಕೋರ್ಟ್ 2021ರಲ್ಲಿ ತಳ್ಳಿಹಾಕಿತು. ವಿನಾಯಿತಿ ಅನಿರ್ದಿಷ್ಟ ಅವಧಿಯದಲ್ಲ, ಷರತ್ತುಗಳಿಗೆ ಒಳಪಟ್ಟಿದೆ ಎಂಬುದು ನ್ಯಾಯಾಲಯ ಕೊಟ್ಟ ಕಾರಣಗಳಲ್ಲಿ ಒಂದು. ಈ ನೂರಾರವತ್ತು ವರ್ಷಗಳ ವಾದವೆಲ್ಲ ಕೋವಿ ಯಾರಿಗೆ ಸಲ್ಲಬೇಕು ಎಂಬುದರ ಸುತ್ತಲೇ ಸುತ್ತಿದೆ.

ಕೋವಿಯಿಂದ ಸಾಯುವವರು ಯಾರು ಎಂದು ನೋಡಿದರೆ ಚಿತ್ರ ಬೇರೆಯಾಗುತ್ತದೆ. ನೂರು ಜನರಿಗೆ ನೂರಕ್ಕೂ ಹೆಚ್ಚು ಬಂದೂಕುಗಳಿರುವ ಅಮೆರಿಕದಲ್ಲಿ 2022ರಲ್ಲಿ ಗುಂಡೇಟಿನಿಂದ ಸತ್ತವರು 48 ಸಾವಿರಕ್ಕೂ ಹೆಚ್ಚು. ಅವರಲ್ಲಿ ಸುಮಾರು 27 ಸಾವಿರ ಮಂದಿಯದು ಆತ್ಮಹತ್ಯೆ. ಶಾಲೆಗೆ ನುಗ್ಗಿ ಗುಂಡು ಹಾರಿಸಿದವನ ಸುದ್ದಿ ನಮ್ಮವರೆಗೂ ಬರುತ್ತದೆ, ಮನೆಯ ಕಪಾಟಿನ ಪಿಸ್ತೂಲು ಮನೆಯವರನ್ನೇ ಬಲಿ ತೆಗೆದುಕೊಂಡದ್ದು ಆ ಊರಿನಾಚೆ ಹೋಗುವುದಿಲ್ಲ. ನಮ್ಮಲ್ಲಿ ಬಂದೂಕಿನ ಕೊಲೆಗಳಲ್ಲಿ ಬಹುಪಾಲು ನಡೆಯುವುದು ಪರವಾನಗಿ ಇಲ್ಲದ ಆಯುಧಗಳಿಂದ. ಅದನ್ನು ತಡೆಯುವುದು ಪೊಲೀಸರ ಕೆಲಸ. ಕಾನೂನುಬದ್ಧ ಕೋವಿಯ ಅಪಾಯ ಹೆಚ್ಚಾಗಿ ಅದರ ಒಡೆಯನಿಗೆ, ಅವನ ಮನೆಯವರಿಗೆ, ಜತೆಗೆ ಕಾಡಿಗೆ ಹೋದವನಿಗೆ. ಹಂದಿಯೆಂದು ತಿಳಿದು ಜತೆಗಾರನ ಮೇಲೆಯೇ ಈಡು ಹಾರಿಸಿದ ಸುದ್ದಿ ಮಲೆನಾಡಿನವರಿಗೆ ಹೊಸದಲ್ಲ. ಬೇಟೆಯೇ ಅಪರಾಧವಾದ್ದರಿಂದ ಇಂಥ ಸಾವನ್ನು ಮುಚ್ಚಿಡುವ ಯತ್ನಗಳೂ ನಡೆಯುತ್ತವೆ.

ಸಾಯಲು ಹೊರಟವನಿಗೆ ದಾರಿ ಒಂದೇ ಏನು ಎಂದು ಕೇಳುವವರಿದ್ದಾರೆ. ಇದಕ್ಕೆ ಉತ್ತರ ಕೊಟ್ಟದ್ದು ಇಸ್ರೇಲಿನ ಸೇನೆ. ವಾರಾಂತ್ಯಕ್ಕೆ ಮನೆಗೆ ಹೋಗುವ ಸೈನಿಕರು ಬಂದೂಕನ್ನು ಶಿಬಿರದಲ್ಲೇ ಬಿಟ್ಟು ಹೋಗಬೇಕೆಂದು ಅದು 2006ರಲ್ಲಿ ನಿಯಮ ಮಾಡಿತು. ಸೈನಿಕರ ಆತ್ಮಹತ್ಯೆ ಸುಮಾರು ಶೇ 40ರಷ್ಟು ಇಳಿಯಿತು. ಇಳಿದದ್ದು ಮುಖ್ಯವಾಗಿ ವಾರಾಂತ್ಯದಲ್ಲಿ, ಉಳಿದ ದಿನಗಳಲ್ಲಿ ಹೇಳಿಕೊಳ್ಳುವಂಥ ಬದಲಾವಣೆ ಆಗಲಿಲ್ಲ. ಮನುಷ್ಯನನ್ನು ಮುಳುಗಿಸುವ ಗಳಿಗೆ ಬಹಳ ಸಲ ಚಿಕ್ಕದು. ಅದು ದಾಟುವವರೆಗೆ ಆಯುಧ ಕೈಗೆ ಸಿಗದಿದ್ದರೆ ಜೀವ ಉಳಿಯುತ್ತದೆ.

ಸಂಪ್ರದಾಯವನ್ನು ಬಿಡದೆಯೂ ಇದು ಸಾಧ್ಯವೆಂಬುದಕ್ಕೆ ಸ್ವಿಟ್ಜರ್ಲೆಂಡ್ ಸಾಕ್ಷಿ. ಅಲ್ಲಿ ಸೈನ್ಯ ಸೇರಿದ ನಾಗರಿಕ ರೈಫಲನ್ನು ಮನೆಯಲ್ಲೇ ಇಟ್ಟುಕೊಳ್ಳುವುದು ಹಳೆಯ ವಾಡಿಕೆ, ಹೆಮ್ಮೆಯ ವಿಷಯ. 2007ರಲ್ಲಿ ಅಲ್ಲಿನ ಸರ್ಕಾರ ರೈಫಲ್ ಕೇಳಲಿಲ್ಲ, ಮನೆಯಲ್ಲಿದ್ದ ಮದ್ದುಗುಂಡನ್ನು ವಾಪಸ್ ಪಡೆಯಲು ನಿರ್ಧರಿಸಿತು. ಅಮೆರಿಕಕ್ಕೆ ಈ ದಾರಿ ಸುಲಭವಲ್ಲ. ಮನೆಯ ಬಂದೂಕಿನಲ್ಲಿ ಗುಂಡು ತುಂಬಿರಬಾರದು, ಬಿಡಿಭಾಗ ಬಿಚ್ಚಿಡಬೇಕು ಇಲ್ಲವೇ ಕುದುರೆಗೆ ಬೀಗವಿರಬೇಕು ಎಂದಿದ್ದ ವಾಷಿಂಗ್ಟನ್ ನಗರದ ಕಾನೂನನ್ನು ಅಲ್ಲಿನ ಸುಪ್ರೀಂ ಕೋರ್ಟ್ 2008ರಲ್ಲಿ ಹೊಡೆದುಹಾಕಿತು. ನಮ್ಮ ಸಂವಿಧಾನದಲ್ಲಿ ಬಂದೂಕು ಮೂಲಭೂತ ಹಕ್ಕಲ್ಲ. 2023ರಲ್ಲಿ ನಮ್ಮ ಸುಪ್ರೀಂ ಕೋರ್ಟ್ ಇದೇ ಮಾತನ್ನು ನೆನಪಿಸಿದೆ. ಬೀಗ ಕೇಳಲು ನಮಗೆ ಅಡ್ಡಿಯಿಲ್ಲ.

ಅಡ್ಡಿ ಇರುವುದು ಉದಾಸೀನದಲ್ಲಿ. 2016ರ ಶಸ್ತ್ರಾಸ್ತ್ರ ನಿಯಮಗಳು ಪರವಾನಗಿ ಕೇಳುವವರಿಂದ ತರಬೇತಿ, ವೈದ್ಯಕೀಯ ಪ್ರಮಾಣಪತ್ರ, ಸುರಕ್ಷಿತವಾಗಿ ಇಡುವ ಮುಚ್ಚಳಿಕೆ ಎಲ್ಲವನ್ನೂ ಬಯಸುತ್ತವೆ. ಫೈಲು ಸೇರಿದ ಮುಚ್ಚಳಿಕೆಯನ್ನು ಮನೆಗೆ ಹೋಗಿ ತಾಳೆ ನೋಡುವ ಪರಿಪಾಠ ಬೆಳೆದಿಲ್ಲ. ಪರವಾನಗಿಯೇ ಬೇಡವಾದ ಕೊಡಗಿನ ವಿನಾಯಿತಿದಾರರಿಗೆ, ಪರವಾನಗಿ ಅರ್ಜಿಯ ಜತೆ ಬರುವ ಈ ಕಾಗದಗಳೂ ಬೇಡ.

ಹಾಗಾಗಿ ಮೂರು ಕೆಲಸ ಆಗಬೇಕು. ಬೆಳೆ ರಕ್ಷಣೆಯ ಕೋವಿಗಳ ಪರವಾನಗಿ ನವೀಕರಿಸುವಾಗ ಬೀಗವಿರುವ ಪೆಟ್ಟಿಗೆಯನ್ನು, ತೋಟೆಗೆ ಪ್ರತ್ಯೇಕ ಜಾಗವನ್ನು ಕಣ್ಣಾರೆ ನೋಡಬೇಕು. ಮನೆಯಲ್ಲಿ ಸಾಲ, ಕುಡಿತ, ಜಗಳ, ಖಿನ್ನತೆ ಮಿತಿಮೀರಿದಾಗ ಪರವಾನಗಿ ಕಳೆದುಕೊಳ್ಳುವ ಭಯವಿಲ್ಲದೆ ಕೋವಿಯನ್ನು ಕೆಲಕಾಲ ಠಾಣೆಯಲ್ಲಿಯೋ ಅಧಿಕೃತ ಮಾರಾಟಗಾರರಲ್ಲಿಯೋ ಇಡುವ ಅವಕಾಶ ಕುಟುಂಬದವರಿಗೆ ಸಿಗಬೇಕು. ಚುನಾವಣೆಗೆಂದು ಸಾವಿರಾರು ಕೋವಿ ಕಾಯುವ ಠಾಣೆಗಳಿಗೆ ಇದೇನೂ ಹೊರೆಯಲ್ಲ. ಮೂರನೆಯದು, 2029ರಲ್ಲಿ ಕೊಡಗಿನ ವಿನಾಯಿತಿ ನವೀಕರಣಕ್ಕೆ ಬಂದಾಗ ಬೀಗದ ಪೆಟ್ಟಿಗೆಯ ಇದೇ ಷರತ್ತು ಅದರಲ್ಲೂ ಸೇರಬೇಕು.

ರಾತ್ರಿ ಹಂದಿ ನುಗ್ಗಿದಾಗ ಬೀಗ ಹುಡುಕುತ್ತ ಕೂರಲಾಗದು ಎಂಬ ಆಕ್ಷೇಪ ಬರುತ್ತದೆ. ಕೀಲಿ ಒಡೆಯನ ಬಳಿಯೇ ಇದ್ದರೆ ತಡವಾಗುವುದು ಒಂದೆರಡು ನಿಮಿಷ. ಹಂದಿ ಆಮೇಲೂ ಗದ್ದೆಯಲ್ಲೇ ಇರುತ್ತದೆ. ಕೊಡವ ಸಂಸ್ಕೃತಿಗೂ ಇದು ಪರಕೀಯವಲ್ಲ. ನಾಟಿಯ ತಿಂಗಳುಗಳಲ್ಲಿ ಒಳಗಿಟ್ಟ ಆಯುಧವನ್ನು ಕೈಲ್‌ಪೊಳ್ದ್ ಹಬ್ಬದ ದಿನ ಹೊರತೆಗೆದು ಪೂಜಿಸುವವರಿಗೆ, ಆಯುಧ ಒಳಗಿರಬೇಕಾದ ಕಾಲ ಯಾವುದೆಂದು ಬೇರೆಯವರು ಹೇಳಬೇಕಿಲ್ಲ. ಕೋವಿಯ ಹಕ್ಕಿಗಾಗಿ ದನಿ ಎತ್ತುವ ಕೊಡಗಿನ ಸಂಘಟನೆಗಳೇ ಈ ಷರತ್ತನ್ನು ತಾವಾಗಿ ಮುಂದಿಟ್ಟರೆ, ವಿನಾಯಿತಿ ಬೇಡವೆನ್ನುವವರಿಗೆ 2029ರಲ್ಲಿ ವಾದಿಸಲು ಹೆಚ್ಚೇನೂ ಉಳಿಯುವುದಿಲ್ಲ.